40 ನಿಮಿಷದ ಪಂದಿ ಕರಿ

ಕೊಡಗಿನವರಾದ ನಾವು ಹಂದಿಗೆ "ಪಂದಿ" ಎನ್ನುವುದನ್ನು ಕೇಳಿದಾಗಲೆಲ್ಲ ನಮ್ಮ ಸಂಘದ ಗೆಳತಿಯರು ನಗುತ್ತಾರೆ. ನಗಲಿ. ಆದರೆ ಹಳಗನ್ನಡದ ಮಾತು ಪಂದಿಯೇ. ಪಾಲು ಹಾಲಾದಂತೆ, ಪೂವು ಹೂವಾದಂತೆ, ಪುಲಿ ಹುಲಿಯಾದಂತೆ ಪಂದಿ ಹಂದಿಯಾಯಿತು. ಕೊಡವ ತಕ್ಕಿನಲ್ಲಿ ಮಾತ್ರ ಆ ಪಕಾರ ಕದಲಲಿಲ್ಲ. ತೆಲುಗಿನಲ್ಲೂ ಅದು ಪಂದಿ, ತುಳುವಿನಲ್ಲಿ ಪಂಜಿ. ಪಂಪನ ಕಾಲದ ಕನ್ನಡಿಗನೊಬ್ಬ ಇವತ್ತು ನನ್ನ ಅಡುಗೆಮನೆಗೆ ಬಂದರೆ ಒಲೆಯ ಮೇಲೇನಿದೆ ಎಂದು ಅವನಿಗೆ ಬಿಡಿಸಿ ಹೇಳುವ ಕೆಲಸವಿಲ್ಲ. (ಪಂಪನೇ ಬಂದರೆ ಮಾತು ಬೇರೆ. ಆತ ಜೈನ.)

ವಾರದ ನಡುವೆ ಬೇಗ ಆಗುವ ರಾತ್ರಿಯಡುಗೆ ಯಾವುದು ಎಂದು ಒಮ್ಮೆ ನಮ್ಮಲ್ಲಿ ಮಾತು ಬಂತು. ಒಬ್ಬರು ತೊವ್ವೆ ಅನ್ನ ಎಂದರು, ಇನ್ನೊಬ್ಬರು ಪುಲಾವ್ ಎಂದರು. ನಾನು ಪಂದಿ ಕರಿ ಎಂದೆ. ಯಾರೂ ನಂಬಲಿಲ್ಲ. ಹಂದಿ ಎಂದರೆ ಹಬ್ಬ, ಮದುವೆ, ದೊಡ್ಡ ಪಾತ್ರೆ, ಕಟ್ಟಿಗೆ ಒಲೆ, ಮೂರು ಗಂಟೆ ಎಂಬುದು ಎಲ್ಲರ ಲೆಕ್ಕ. ನನ್ನ ಬುಧವಾರದ ಲೆಕ್ಕವೇ ಬೇರೆ. ಅರ್ಧ ಕಿಲೋ ಮಾಂಸವನ್ನು ನೆಣದ ಸಮೇತ ಸಣ್ಣ ತುಂಡು ಮಾಡಿಸಿ ತಂದು, ಬೆಳಿಗ್ಗೆಯೇ ಉಪ್ಪು, ಅರಿಸಿನ, ಒಂದು ಚಮಚ ಮಸಾಲೆ ಪುಡಿ ಸವರಿ ಫ್ರಿಜ್‌ನಲ್ಲಿಟ್ಟಿರುತ್ತೇನೆ. ಸಂಜೆ ಏಳೂವರೆಗೆ ಲೋಕಲ್ ಇಳಿದು ಮನೆಗೆ ಬಂದವಳು ಕೈಕಾಲು ತೊಳೆದು ಕುಕ್ಕರ್ ಒಲೆಗೇರಿಸುತ್ತೇನೆ. ಎಣ್ಣೆ ಬೇಡ. ಮಾಂಸ ಬಿಸಿಯಾದಂತೆ ನೆಣ ಕರಗುತ್ತದೆ, ಆ ಜಿಡ್ಡೇ ಸಾಕು. ಜಜ್ಜಿದ ಈರುಳ್ಳಿ, ಬೆಳ್ಳುಳ್ಳಿ, ಶುಂಠಿ, ನಾಲ್ಕು ಹಸಿಮೆಣಸು, ಒಂದೆಸಳು ಕರಿಬೇವು ಹಾಕಿ ಬಾಡಿಸಿ, ಅರ್ಧ ಲೋಟ ನೀರು ಹಾಕಿ ಐದು ವಿಷಲ್. ಆವಿ ತಾನಾಗಿ ಇಳಿದ ಮೇಲೆ ಮುಚ್ಚಳ ತೆಗೆದು ಎರಡು ಚಮಚ ಕಪ್ಪಗೆ ಹುರಿದ ಪುಡಿ, ಒಂದು ದೊಡ್ಡ ಚಮಚ ಕಾಚಂಪುಳಿ ಸೇರಿಸಿ ಐದು ನಿಮಿಷ ಸಣ್ಣಗೆ ಕುದಿಸಿದರೆ ಮುಗಿಯಿತು. ಪಕ್ಕದ ಒಲೆಯಲ್ಲಿ ಅನ್ನ. ಎಂಟೂಕಾಲಿಗೆ ಊಟ.

ಈ 40 ನಿಮಿಷ ನನ್ನದಾದರೂ ಇದರೊಳಗೆ ಬೇರೆಯವರ ಎಷ್ಟೋ ದಿನಗಳಿವೆ. ಪುಡಿಯ ಡಬ್ಬಿಯನ್ನೂ ಕಾಚಂಪುಳಿಯ ಬಾಟಲಿಯನ್ನೂ ಊರಿನಿಂದ ಅವ್ವ ಕಳಿಸುತ್ತಾಳೆ. ಅವೆರಡೂ ಇಲ್ಲದಿದ್ದರೆ ನಾನು ಮಾಡುವುದು ಬರೀ ಬೇಯಿಸಿದ ಮಾಂಸ. ಹೀಗಾಗಿ ನಮ್ಮ ನಾಡಿನಲ್ಲಿ ಹಂದಿಯ ಅಡುಗೆ ಎಲ್ಲೆಲ್ಲಿ ದಾಖಲಾಗಿದೆ ಎಂದು ಹುಡುಕತೊಡಗಿದೆ. ಸಿಕ್ಕಿದ್ದು ಹೆಚ್ಚಾಗಿ ಬೇಟೆಯ ಕಥೆ, ಅರಸರ ಊಟದ ಕಥೆ.

ಮಂಡ್ಯ ಜಿಲ್ಲೆಯ ಆತಕೂರಿನ ಶಾಸನ ನಿಮ್ಮಲ್ಲಿ ಕೆಲವರಿಗೆ ಗೊತ್ತಿರಬಹುದು. ಸುಮಾರು ಕ್ರಿ.ಶ. 949ರದು, ರಾಷ್ಟ್ರಕೂಟ ಮೂರನೆಯ ಕೃಷ್ಣನ ಕಾಲ. ಗಂಗರ ಇಮ್ಮಡಿ ಬೂತುಗನ ಬಳಿ ಕಾಳಿ ಎಂಬ ಬೇಟೆನಾಯಿ ಇತ್ತು. ಯುದ್ಧದಲ್ಲಿ ಶೌರ್ಯ ತೋರಿದ ಮಣಲೇರ ಎಂಬವನು ಬೇರೇನೂ ಬೇಡದೆ ಆ ನಾಯಿಯನ್ನೇ ಕೇಳಿ ಪಡೆದ. ಮುಂದೆ ಆ ಕಾಳಿ ದೊಡ್ಡದೊಂದು ಕಾಡುಹಂದಿಯೊಂದಿಗೆ ಕಾದಾಡಿತು, ಎರಡೂ ಸತ್ತವು. ನಾಯಿಯ ನೆನಪಿಗೆ ಕಲ್ಲು ನಿಂತಿತು, ಅದರ ಪೂಜೆಗೆ ಭೂಮಿಯೂ ಸಿಕ್ಕಿತು. ಆ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ನಾಯಿ ಮತ್ತು ಹಂದಿ ಎದುರುಬದುರಾದ ಆ ಕೆತ್ತನೆ ನೋಡಿದಾಗ ನನಗೆ ಬಂದ ಪ್ರಶ್ನೆ ಒಂದೇ: ಆ ಹಂದಿಯನ್ನು ಮನೆಗೆ ತಂದಮೇಲೆ ಏನಾಯಿತು? ಶಾಸನಕ್ಕೆ ಅದು ಬೇಕಿಲ್ಲ.

ಅಡುಗೆಯ ಮಾತು ಬರುವುದು ಮಾನಸೋಲ್ಲಾಸದಲ್ಲಿ. ಕಲ್ಯಾಣ ಚಾಲುಕ್ಯರ ಮೂರನೆಯ ಸೋಮೇಶ್ವರ 12ನೇ ಶತಮಾನದಲ್ಲಿ ಸಂಸ್ಕೃತದಲ್ಲಿ ರಚಿಸಿದ ಗ್ರಂಥ ಅದು. ಅದರ ಅನ್ನಭೋಗ ಎಂಬ ಭಾಗದಲ್ಲಿ ಹಂದಿಯನ್ನು ಹಸನು ಮಾಡುವ ಕ್ರಮವಿದೆ. ಮೈಗೆ ಬಟ್ಟೆ ಹೊದಿಸಿ ಕುದಿಯುವ ನೀರು ಸುರಿದು ರೋಮ ತೆಗೆಯುವುದು ಒಂದು ದಾರಿ, ಹುಲ್ಲಿನ ಬೆಂಕಿಯಲ್ಲಿ ಸುಡುವುದು ಇನ್ನೊಂದು. ಊರಿನಲ್ಲಿ ಹಂದಿ ಸುಡುವುದನ್ನು ನೋಡಿ ಬೆಳೆದ ನನಗೆ ಅದನ್ನು ಓದುವಾಗ ಪರಿಚಿತರನ್ನು ಕಂಡಂತಾಯಿತು. ತಮಾಷೆಯೆಂದರೆ ಆ ಅರಸು ಮನೆತನದ ಲಾಂಛನವೇ ವರಾಹ! ಇನ್ನು ಕನ್ನಡದಲ್ಲೇ ಬರೆದ ಹಳೆಯ ಪಾಕಗ್ರಂಥಗಳನ್ನು ನೋಡಿದರೆ, 1025ರ ಲೋಕೋಪಕಾರದ ಇಮ್ಮಡಿ ಚಾವುಂಡರಾಯನದೂ 16ನೇ ಶತಮಾನದ ಆರಂಭದಲ್ಲಿ ಸೂಪಶಾಸ್ತ್ರ ಬರೆದ ಮೂರನೆಯ ಮಂಗರಸನದೂ ಸಸ್ಯಾಹಾರದ ಅಡುಗೆ. ಅವರ ಅಡುಗೆಮನೆಗೆ ಮಾಂಸ ಬರುವಂತಿಲ್ಲ. ಅದು ಅವರ ತಪ್ಪಲ್ಲ. ಆದರೆ ಕನ್ನಡದಲ್ಲಿ ಬರೆದಿಟ್ಟದ್ದಷ್ಟೇ ಕನ್ನಡಿಗರ ಊಟ ಎಂದುಕೊಂಡರೆ ನಾವು ಅರ್ಧ ನಾಡನ್ನು ಊಟದೆಲೆಯಿಂದ ಎಬ್ಬಿಸಿದಂತೆ.

ಕೊಡಗಿನಲ್ಲಿ ಹಂದಿ ಎಂದರೆ ಮೊದಲು ಕಾಡುಹಂದಿ. ಗದ್ದೆಗೆ ನುಗ್ಗಿ ಬೆಳೆ ಹಾಳುಮಾಡುವ ಪ್ರಾಣಿ, ಅದಕ್ಕೇ ಬೇಟೆ. ನಾಟಿಯ ತಿಂಗಳುಗಳಲ್ಲಿ ಕೋವಿಗಳಿಗೆ ಬಿಡುವು. ಸೆಪ್ಟೆಂಬರ್ ಆರಂಭದ ಕೈಲ್‌ಪೊಳ್ದ್ ಹಬ್ಬದಂದು ಕೋವಿ, ಕತ್ತಿಗಳನ್ನು ಹೊರತೆಗೆದು, ತೋಕ್ ಪೂ ಎಂಬ ಕೋವಿ ಹೂವು ಮುಡಿಸಿ ಪೂಜೆ ಮಾಡಿ, ಕಡಂಬುಟ್ಟಿನೊಂದಿಗೆ ಪಂದಿ ಕರಿ ಉಣ್ಣುತ್ತಾರೆ. ಬೇಟೆಗೆ ಹೋದದ್ದು ಗಂಡಸರು, ಹಾಡು ಕಟ್ಟಿದ್ದು ಅವರ ಮೇಲೆ. ನಡಿಕೇರಿಯಂಡ ಚಿಣ್ಣಪ್ಪನವರು ನಮ್ಮ ಹಾಡು, ಪದ್ಧತಿಗಳನ್ನು ಸಂಗ್ರಹಿಸಿ 1924ರಲ್ಲಿ ಪಟ್ಟೋಲೆ ಪಳಮೆ ಪ್ರಕಟಿಸದಿದ್ದರೆ ಅವೂ ಎಷ್ಟು ಉಳಿಯುತ್ತಿದ್ದವೋ. ಹಂದಿ ಅಂಗಳಕ್ಕೆ ಬಂದ ಮೇಲಿನ ಕೆಲಸವನ್ನು ಮಾತ್ರ ಯಾರೂ ಹಾಡಲಿಲ್ಲ.

ಆ ಕೆಲಸ ಏನೆಂದರೆ ಕೆಡದಂತೆ ಉಳಿಸುವುದು. ಒಂದು ಹಂದಿಯನ್ನು ಒಂದೇ ದಿನದಲ್ಲಿ ಇಡೀ ಒಕ್ಕ ತಿಂದು ಮುಗಿಸಲಾಗದು. ಹೊರಗೆ ಬಿಡದೆ ಸುರಿಯುವ ಮಳೆ. ಉಪ್ಪು ಹಚ್ಚಿ ಒಲೆಯ ಮೇಲಿನ ಹೊಗೆಯಲ್ಲಿ ಒಣಗಿಸುವುದು ಒಂದು ಉಪಾಯ. ಹುಳಿ ಇನ್ನೊಂದು. ಮಳೆಗಾಲದಲ್ಲಿ ಪಣಪುಳಿ ಮರದಡಿ ಹಣ್ಣುಗಳು ಉದುರುತ್ತವೆ. ಶಿರಸಿ, ಸಿದ್ದಾಪುರದವರಿಗೆ ಇದು ಉಪ್ಪಾಗೆ. ಮುಂಬಯಿಯ ನಮಗೆಲ್ಲ ಗೊತ್ತಿರುವ ಕೋಕಮ್, ಅಂದರೆ ಮುರುಗಲು, ಇದೇ ಕುಲದ ಬೇರೆ ಮರ. ಕೇರಳದವರು ಇದರ ಸಿಪ್ಪೆಯನ್ನು ಒಣಗಿಸಿ ಮೀನಿಗೆ ಹಾಕುತ್ತಾರೆ. ಕೊಡಗಿನಲ್ಲಿ ಹಣ್ಣನ್ನು ಬುಟ್ಟಿಗೆ ತುಂಬಿ ಕೆಳಗೆ ಪಾತ್ರೆ ಇಡುತ್ತಾರೆ. ಕೊಳೆತಂತೆ ರಸ ತೊಟ್ಟಿಕ್ಕುತ್ತದೆ, ದಿನಗಟ್ಟಲೆ. ಸೋಸಿದ ರಸವನ್ನು ಸಣ್ಣ ಉರಿಯಲ್ಲಿ ಕಪ್ಪಾಗಿ ಜೇನಿನಂತೆ ಮಂದವಾಗುವವರೆಗೆ ಕಾಯಿಸಬೇಕು. ಬುಟ್ಟಿಗಟ್ಟಲೆ ಹಣ್ಣಿಗೆ ಕೆಲವೇ ಬಾಟಲಿ. ಹೊಗೆಗೆ ಕಣ್ಣುರಿ, ಜೊತೆಗೆ ಹಣ್ಣಿನ ನೊಣಗಳ ಕಾಟ. ಹೀಗೆ ಮಾಡಿಟ್ಟ ಕಾಚಂಪುಳಿ ವರ್ಷಗಟ್ಟಲೆ ಕೆಡುವುದಿಲ್ಲ. ಮಾಂಸಕ್ಕೆ ಹಾಕಿದರೆ ಅದನ್ನೂ ಬೇಗ ಕೆಡಗೊಡುವುದಿಲ್ಲ, ನೆಣದ ಜಿಡ್ಡನ್ನೂ ಮುರಿಯುತ್ತದೆ. ಕರಿಯ ಆ ಕಪ್ಪು ಬಣ್ಣ ಅರ್ಧ ಇದರದು.

ಇನ್ನರ್ಧ ಹುರಿದ ಪುಡಿಯದು. ಕೊತ್ತಂಬರಿ, ಜೀರಿಗೆ, ಸಾಸಿವೆ, ಚಿಟಿಕೆ ಮೆಂತ್ಯ, ಧಾರಾಳವಾಗಿ ಕರಿಮೆಣಸು. ಅವ್ವನನ್ನು ಅಳತೆ ಕೇಳಿದರೆ "ಕಪ್ಪಾಗುವವರೆಗೆ ಹುರಿ, ಕರಟಿಸಬೇಡ" ಎನ್ನುತ್ತಾಳೆ. ಅದೂ ಒಂದು ಅಳತೆಯೇ, ಮೂಗಿಗೆ ಗೊತ್ತಾಗುವಂಥದ್ದು. ಒಣಮೆಣಸಿನಕಾಯಿ ಇದರಲ್ಲಿ ಇಲ್ಲ. ಮೆಣಸಿನಕಾಯಿ ನಮ್ಮ ದೇಶಕ್ಕೆ ಬಂದದ್ದೇ 16ನೇ ಶತಮಾನದಲ್ಲಿ, ಪೋರ್ಚುಗೀಸರ ಹಡಗಿನಲ್ಲಿ. ಕರಿಮೆಣಸು ಈ ಘಟ್ಟದ್ದೇ ಬಳ್ಳಿ. ಹೊಸದಾಗಿ ಬಂದ ಖಾರದ ಕಾಯಿಗೆ ಕನ್ನಡಿಗರು ಹಳೆಯ ಮೆಣಸಿನ ಹೆಸರನ್ನೇ ಕೊಟ್ಟು "ಮೆಣಸಿನಕಾಯಿ" ಎಂದರು. ಕರಾವಳಿಯಲ್ಲಿ ಈಗಲೂ ಕರಿಮೆಣಸನ್ನು "ಒಳ್ಳೆಮೆಣಸು" ಎನ್ನುವವರಿದ್ದಾರೆ, ಇನ್ನೊಂದು ಅಷ್ಟು ಒಳ್ಳೆಯದಲ್ಲ ಎಂಬಂತೆ!

ಘಟ್ಟ ಇಳಿದರೆ ಕಥೆ ಬದಲಾಗುತ್ತದೆ. ಮಂಗಳೂರಿನ ಕ್ರೈಸ್ತರ ಬಫಾತ್ ಪುಡಿ ಕೆಂಪು, ಮೆಣಸಿನಕಾಯಿಯದೇ ರಾಜ್ಯ. ಹುಳಿಗೆ ವಿನೆಗರ್. ಗೋವೆಯ ವಿಂದಾಲೂ ಎಂಬ ಹೆಸರಿನಲ್ಲಿ ಆಲೂಗಡ್ಡೆ ಇಲ್ಲ. ಅದು ದ್ರಾಕ್ಷಾರಸ ಮತ್ತು ಬೆಳ್ಳುಳ್ಳಿಯಲ್ಲಿ ನೆನೆಸಿದ ಮಾಂಸಕ್ಕೆ ಪೋರ್ಚುಗೀಸರು ಹೇಳುತ್ತಿದ್ದ "ವಿಞ ದಾಲ್ಯುಶ್" ಎಂಬುದರ ಅಪಭ್ರಂಶ. ಅಲ್ಲೂ ಉದ್ದೇಶ ಅದೇ, ಮಾಂಸ ಕೆಡದಿರಲಿ ಎಂಬುದು. ನಮ್ಮ ಕಟ್ಟಡದ ಮೂರನೇ ಮಹಡಿಯ ಮಂಗಳೂರಿನ ಗೆಳತಿಯ ಮನೆಯಲ್ಲೂ ಬುಧವಾರದ ರಾತ್ರಿ ಇಷ್ಟೇ ಬೇಗ ಅಡುಗೆ ಆಗುತ್ತದೆ. ಅವಳ ಬಫಾತ್ ಪುಡಿ ಅವಳ ಅತ್ತೆ ಬೇಸಗೆಯಲ್ಲಿ ಮಾಡಿಸಿ ಕಳಿಸಿದ್ದು.

ಸುಮಾರು ಎರಡು ಶತಮಾನ ಕೊಡಗನ್ನಾಳಿದ ಹಾಲೇರಿ ಅರಸರು ಲಿಂಗಾಯತರು, ಅವರ ಮತದಲ್ಲಿ ಮಾಂಸ ನಿಷಿದ್ಧ. ಆದರೂ ಪ್ರಜೆಗಳ ಊಟ ಬದಲಾಗಲಿಲ್ಲ. 1834ರಲ್ಲಿ ಬ್ರಿಟಿಷರು ಬಂದರು, 1861ರಲ್ಲಿ ಕೊಡಗಿನವರಿಗೆ ಕೋವಿಯ ವಿನಾಯಿತಿ ಸಿಕ್ಕಿತು. ಬೇಟೆಗೆ ಕಡಿವಾಣ ಬಿದ್ದದ್ದು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಿಂದ, ಅದು ಸರಿಯೂ ಹೌದು. ಕಾಡುಹಂದಿಯ ಜಾಗಕ್ಕೆ ಸಾಕಿದ ಹಂದಿ ಬಂತು. ಅದರಲ್ಲಿ ನೆಣ ಜಾಸ್ತಿ, ಮಾಂಸ ಮೆತ್ತಗೆ, ಬೇಯಲು ಅಷ್ಟು ಹೊತ್ತು ಬೇಡ. ಅತ್ತ 1959ರಲ್ಲಿ ನಮ್ಮ ಇದೇ ಮುಂಬಯಿಯಲ್ಲಿ ಹಾಕಿನ್ಸ್ ಕುಕ್ಕರ್ ಕಂಪನಿ ಶುರುವಾಗಿತ್ತು. ಪಂದಿ ಕರಿ ಹಬ್ಬದ ದಿನದಿಂದ ಬುಧವಾರಕ್ಕೆ ಇಳಿದದ್ದು ಇವೆರಡರ ನಡುವೆ ಎಂದು ನನ್ನ ಎಣಿಕೆ.

ಎಂ.ಎನ್. ಶ್ರೀನಿವಾಸ್ ಅವರು ಕೊಡವರ ಬಗ್ಗೆ 1952ರಲ್ಲಿ ಪ್ರಕಟಿಸಿದ ಗ್ರಂಥ ಸಮಾಜಶಾಸ್ತ್ರ ಓದಿದವರಿಗೆ ಗೊತ್ತು. ಮೇಲಿನವರ ಆಚಾರ ಹಿಡಿದು, ಮದ್ಯಮಾಂಸ ಬಿಟ್ಟು, ಸಮಾಜದಲ್ಲಿ ಒಂದು ಮೆಟ್ಟಿಲು ಏರುವ ಕ್ರಮಕ್ಕೆ ಅವರು ಸಂಸ್ಕೃತೀಕರಣ ಎಂದರು. ನಗರದಲ್ಲಿ ನಾವು ಮೆಟ್ಟಿಲು ಏರುವುದಿಲ್ಲ, ಲಿಫ್ಟ್ ಇದೆ. ಬದಲಿಗೆ ಅಡುಗೆಮನೆಯ ಕಿಟಕಿ ಮುಚ್ಚುತ್ತೇವೆ. ನಮ್ಮ ಕಟ್ಟಡದಲ್ಲಿ ಹಾಗೆ ಮುಚ್ಚಿ ಬೇಯಿಸುವ ಮನೆ ನಮ್ಮದೊಂದೇ ಅಲ್ಲ. ಮಗಳು ಸಣ್ಣವಳಿದ್ದಾಗ ಶಾಲೆಯ ಡಬ್ಬಿಯಲ್ಲಿ ಏನಿದೆ ಎಂದು ಯಾರಾದರೂ ಕೇಳಿದರೆ "ಮಟನ್" ಎನ್ನುತ್ತಿದ್ದಳು. ಈಗ ಕಾಲೇಜಿನಲ್ಲಿದ್ದಾಳೆ, ಗೆಳತಿಯರನ್ನು ಕರೆತಂದು "ಪಂದಿ ಕರಿ ಮಾಡಮ್ಮ" ಎನ್ನುತ್ತಾಳೆ. ಪಾವ್ ಅದ್ದಿಕೊಂಡು ತಿನ್ನುತ್ತಾರೆ. ಪಾವೂ ಪೋರ್ಚುಗೀಸರದೇ ತಾನೆ.

ಅವ್ವನಿಗೆ ಈಗ 78. ಮೊಣಕಾಲು ನೋವಿನಿಂದ ಹಣ್ಣು ಹೆಕ್ಕಲು ಬಗ್ಗುವುದಕ್ಕಾಗುವುದಿಲ್ಲ. ಅಂಗಡಿಯಲ್ಲಿ ಸಿಗುತ್ತದಲ್ಲ, ತರಿಸಿಕೊಳ್ಳಬಹುದಲ್ಲ ಎಂದು ನೀವು ಕೇಳಬಹುದು. ತರಿಸಿದ್ದೇನೆ. ಕೆಲವು ಚೆನ್ನಾಗಿವೆ, ಕೆಲವು ತೀರಾ ನೀರು, ಎರಡು ಚಮಚ ಹಾಕಿದರೂ ಕರಿ ಕಪ್ಪಾಗುವುದಿಲ್ಲ. ಹೋದ ವರ್ಷ ಜುಲೈನಲ್ಲಿ ರಜೆ ಹಾಕಿ ಮಗಳನ್ನೂ ಕರೆದುಕೊಂಡು ಊರಿಗೆ ಹೋದೆ. ಅವ್ವ ಜಗಲಿಯ ಕುರ್ಚಿಯಲ್ಲಿ ಕುಳಿತು ಹೇಳಿದಳು, ನಾವಿಬ್ಬರೂ ಮಾಡಿದೆವು. ಒಂಬತ್ತು ದಿನ ಹಿಡಿಯಿತು, ಜಿಗಣೆ ಕಡಿತವೂ ಸೇರಿ. ಸಿಕ್ಕಿದ್ದು 750 ಮಿಲಿಲೀಟರಿನ ಎರಡು ಬಾಟಲಿ. ಒಂದು ಅವ್ವನಿಗೆ, ಒಂದು ನಮಗೆ. ಒಂದು ಊಟಕ್ಕೆ 15 ಮಿಲಿಲೀಟರಿನ ಒಂದು ದೊಡ್ಡ ಚಮಚ ಎಂದರೆ ನಮ್ಮ ಬಾಟಲಿಯಲ್ಲಿ 50 ಬುಧವಾರಗಳಿದ್ದವು. ನಾನು ಇದನ್ನು ಬರೆಯುವ ಹೊತ್ತಿಗೆ ಹನ್ನೊಂದು ಉಳಿದಿವೆ.