ಹೊಗೆಗೂಡಿನ ಮಸಿಯಿಂದ ಗುಟ್ಕಾ ಪ್ಯಾಕೆಟ್‌ವರೆಗೆ: ಒಂದು ಕ್ಯಾನ್ಸರ್‌ನ ವಿಳಾಸಗಳು

ಮುಂಬೈನಲ್ಲಿ ಇರೋರು ಪರೇಲ್ ಕಡೆ ಹೋದಾಗ ಟಾಟಾ ಮೆಮೋರಿಯಲ್ ಆಸ್ಪತ್ರೆಯನ್ನು ನೋಡಿರ್ತೀರಿ. ಅದು ಶುರುವಾಗಿದ್ದು 1941ರಲ್ಲಿ. ನಾಲ್ಕೇ ವರ್ಷಕ್ಕೆ, ಅಂದ್ರೆ 1945ರಲ್ಲಿ, ಅಲ್ಲಿನ ಪೆಥಾಲಜಿಸ್ಟ್ ವಿ. ಆರ್. ಖಾನೋಲ್ಕರ್ ಅವರು ಸೂರ್ಯಬಾಯಿ ಅವರ ಜೊತೆ ಸೇರಿ ಒಂದು ಪ್ರಬಂಧ ಬರೆದರು. ಜನರ ರೂಢಿಗೂ ಕ್ಯಾನ್ಸರ್‌ಗೂ ಏನು ಸಂಬಂಧ ಅನ್ನೋದೇ ವಿಷಯ. ಭಾರತದಲ್ಲಿ ಕಂಡ ಮೂರು ಹೊಸ ಬಗೆಗಳನ್ನು ಅದರಲ್ಲಿ ವಿವರಿಸಿದರು. ಅವುಗಳ ಹೆಸರು ಕೇಳಿದ್ರೆ ಆಶ್ಚರ್ಯ ಆಗುತ್ತೆ: ಧೋತಿ ಕ್ಯಾನ್ಸರ್, ಚುಟ್ಟಾ ಕ್ಯಾನ್ಸರ್, ಖೈನಿ ಕ್ಯಾನ್ಸರ್. ಒಂದು ಸೊಂಟದಲ್ಲಿ, ಇನ್ನೊಂದು ಬಾಯಿಯ ಮೇಲ್ಛಾವಣಿಯಲ್ಲಿ, ಮತ್ತೊಂದು ಕೆಳತುಟಿಯ ಒಳಗಿನ ಸಂದಿಯಲ್ಲಿ.

ಜಾಗ ಮೂರು, ಆದರೆ ಜಾತಿ ಒಂದೇ. ಸ್ಕ್ವಾಮಸ್ ಸೆಲ್ ಕಾರ್ಸಿನೋಮ. ಸ್ಕ್ವಾಮ ಅಂದ್ರೆ ಲ್ಯಾಟಿನ್ ಭಾಷೆಯಲ್ಲಿ ಮೀನಿನ ಹುರುಪೆ. ಹುರುಪೆ ಥರ ಚಪ್ಪಟೆಯಾದ ಜೀವಕೋಶಗಳು ಪದರ ಪದರವಾಗಿ ನಮ್ಮ ಚರ್ಮವನ್ನು ಹೊದ್ದಿಸಿವೆ. ಬಾಯಿ, ಗಂಟಲು, ಅನ್ನನಾಳ, ಗರ್ಭಕಂಠ, ಗುದದ್ವಾರ ಎಲ್ಲಾ ಕಡೆ ಇದೇ ಹೊದಿಕೆ. ಉಜ್ಜಾಟ, ಬಿಸಿ, ಖಾರ ಎಲ್ಲವನ್ನೂ ಮೊದಲು ತಡೆದುಕೊಳ್ಳೋದು ಇವೇ. ಶ್ವಾಸಕೋಶದ ಕೊಳವೆಗಳದ್ದು ತಮಾಷೆ ನೋಡಿ. ಅಲ್ಲಿ ಈ ಕೋಶಗಳು ಸಹಜವಾಗಿ ಇರೋದೇ ಇಲ್ಲ. ವರ್ಷಗಟ್ಟಲೆ ಸಿಗರೇಟು ಹೊಗೆ ಬಿದ್ದಾಗ ಅಲ್ಲಿನ ನವಿರಾದ ಪದರವೇ ತನ್ನ ರಕ್ಷಣೆಗೆ ಚಪ್ಪಟೆ ಕೋಶಗಳಾಗಿ ಬದಲಾಗುತ್ತೆ, ಆಮೇಲೆ ಅದರಲ್ಲೇ ಕ್ಯಾನ್ಸರ್ ಹುಟ್ಟಬಹುದು.

ಈ ಕಥೆಯ ಮೊದಲ ಅಧ್ಯಾಯ ಲಂಡನ್‌ನದ್ದು. ಅಲ್ಲಿ ಹೊಗೆಗೂಡು ಗುಡಿಸೋಕೆ ಬಡವರ ಚಿಕ್ಕ ಮಕ್ಕಳನ್ನು ಇಳಿಸ್ತಿದ್ರು, ದೊಡ್ಡವರು ಅದರೊಳಗೆ ಹಿಡಿಸಲ್ಲವಲ್ಲ. ಈ ಹುಡುಗರು ದೊಡ್ಡವರಾದ ಮೇಲೆ ವೃಷಣದ ಚೀಲದ ಮೇಲೆ ಹುಣ್ಣು ಬರ್ತಿತ್ತು. ವೈದ್ಯರು ಅದನ್ನು ಲೈಂಗಿಕ ರೋಗ ಅಂತ ತಿಳಿದು ಪಾದರಸದ ಔಷಧ ಕೊಡ್ತಿದ್ರು. ಹುಡುಗನಿಗೆ ರೋಗದ ಜೊತೆ ಕೆಟ್ಟ ಹೆಸರೂ ಉಚಿತ! ಸೇಂಟ್ ಬಾರ್ಥಲೋಮ್ಯೂಸ್ ಆಸ್ಪತ್ರೆಯ ಸರ್ಜನ್ ಪರ್ಸಿವಲ್ ಪಾಟ್ 1775ರಲ್ಲಿ ಇದು ಅಲ್ಲ ಅಂದ. ಚರ್ಮದ ಸುಕ್ಕುಗಳಲ್ಲಿ ಕೂತ ಮಸಿಯೇ ಕಾರಣ ಅಂತ ಬರೆದ. ಒಂದು ಕಸುಬು ಒಂದು ಕ್ಯಾನ್ಸರ್ ತರುತ್ತೆ ಅಂತ ಬೊಟ್ಟು ಮಾಡಿ ತೋರಿಸಿದ ಮೊದಲ ಬರಹಗಳಲ್ಲಿ ಇದು ಪ್ರಸಿದ್ಧ. 1788ರಲ್ಲಿ ಪಾರ್ಲಿಮೆಂಟು ಕಾನೂನು ಮಾಡಿತು, ಎಂಟು ವರ್ಷದೊಳಗಿನವರನ್ನು ಕೆಲಸಕ್ಕೆ ತಗೋಬಾರದು ಅಂತ. ಯಾರೂ ಕೇರ್ ಮಾಡಲಿಲ್ಲ. ಮಕ್ಕಳನ್ನು ಹತ್ತಿಸೋದು ನಿಜವಾಗಿ ನಿಂತದ್ದು 1875ರ ಕಾಯ್ದೆ ಬಂದಮೇಲೆ. ಕಾರಣ ಗೊತ್ತಾದ ಮೇಲೂ ನೂರು ವರ್ಷ! ಮಸಿಯ ಅಪರಾಧ ಪ್ರಯೋಗದಲ್ಲಿ ಸಾಬೀತಾಗಿದ್ದು ಇನ್ನೂ ತಡವಾಗಿ. 1915ರಲ್ಲಿ ಜಪಾನಿನ ಯಮಗಿವಾ ಮತ್ತು ಇಚಿಕಾವಾ ಮೊಲದ ಕಿವಿಗೆ ತಿಂಗಳುಗಟ್ಟಲೆ ಟಾರು ಬಳಿದು ಕ್ಯಾನ್ಸರ್ ಬರಿಸಿದರು.

ಬಿಳಿ ಚರ್ಮದವರಿಗೆ ಈ ಕ್ಯಾನ್ಸರ್ ಹೆಚ್ಚಾಗಿ ಬರೋದು ಬಿಸಿಲು ಬೀಳೋ ಮುಖ, ಕಿವಿ, ಮುಂಗೈ ಮೇಲೆ. ನಮ್ಮ ಚರ್ಮದ ಬಣ್ಣ ನಮ್ಮನ್ನು ಅಷ್ಟರಮಟ್ಟಿಗೆ ಕಾಯುತ್ತೆ. ಹಾಗಾಗಿ ಇಲ್ಲಿ ಅದು ಬೇರೆ ವಿಳಾಸ ಹುಡುಕಿಕೊಂಡಿತು. ಕಾಶ್ಮೀರದಲ್ಲಿ ಚಳಿಗೆ ಫೆರನ್ ಒಳಗೆ ಕಾಂಗ್ರಿ ಅನ್ನೋ ಕೆಂಡದ ಮಡಕೆ ಇಟ್ಕೊಳ್ತಾರೆ. ಅಲ್ಲಿ ಅದು ತೊಡೆ ಮತ್ತು ಕೆಳಹೊಟ್ಟೆ ಮೇಲೆ. ಧೋತಿಯನ್ನು ಬಿಗಿಯಾಗಿ ಒಂದೇ ಜಾಗದಲ್ಲಿ ದಶಕಗಳ ಕಾಲ ಕಟ್ಟಿದವರಲ್ಲಿ, ಅಪರೂಪಕ್ಕೆ, ಆ ಉಜ್ಜಾಟದ ಗಾಯದ ಮೇಲೆ. ಆಂಧ್ರದ ಕರಾವಳಿಯಲ್ಲಿ, ವಿಶಾಖಪಟ್ಟಣ, ಶ್ರೀಕಾಕುಳಂ ಕಡೆ, ಹೆಂಗಸರು ಚುಟ್ಟಾದ ಉರಿಯೋ ತುದಿಯನ್ನೇ ಬಾಯೊಳಗಿಟ್ಟು ಸೇದ್ತಾರೆ. ಬೇರೆ ಕಡೆ ಗಟ್ಟಿ ಅಂಗುಳದಲ್ಲಿ ಕ್ಯಾನ್ಸರ್ ತೀರಾ ಕಡಿಮೆ, ಅಲ್ಲಿ ಮಾತ್ರ ಸಾಮಾನ್ಯ. ಖೈನಿ ತಿನ್ನೋನು ತಂಬಾಕು, ಸುಣ್ಣ ತಿಕ್ಕಿ ಕೆಳತುಟಿಯಲ್ಲಿ ಇಡ್ತಾನೆ, ಹುಣ್ಣೂ ಅಲ್ಲೇ. ಕೂಲಿಯವನೋ ಮೀನುಗಾರ್ತಿಯೋ ಹೇಗೆ ಬದುಕ್ತಾರೆ ಅನ್ನೋದನ್ನು ಕೇಳದೆ ಸ್ಲೈಡ್ ಮಾತ್ರ ನೋಡಿದ್ರೆ ಖಾನೋಲ್ಕರ್‌ಗೆ ಇದು ಗೊತ್ತಾಗ್ತಿರಲಿಲ್ಲ ಅಂತ ನನ್ನ ಅನಿಸಿಕೆ.

ಈಗ ನಮ್ಮ ಮನೆ ವಿಷಯಕ್ಕೆ ಬರೋಣ. ಎಲೆ ಅಡಿಕೆ ನಮಗೆ ಮರ್ಯಾದೆ. ಮದುವೆ, ಆಹ್ವಾನ, ಕ್ಷಮಾಪಣೆ, ಯಾವುದೂ ತಾಂಬೂಲ ಇಲ್ಲದೆ ನಡೆಯಲ್ಲ. ದೇಶದಲ್ಲಿ ಅತಿ ಹೆಚ್ಚು ಅಡಿಕೆ ಬೆಳೆಯೋ ರಾಜ್ಯ ಕರ್ನಾಟಕ. ಶಿವಮೊಗ್ಗ, ಶಿರಸಿ, ಪುತ್ತೂರು ಕಡೆಯಿಂದ ಬಂದು ಪುಣೆ, ಹೈದರಾಬಾದಲ್ಲಿ ಕೋಡ್ ಬರೀತಿರೋರಲ್ಲಿ ಎಷ್ಟೋ ಜನರ ಎಂಜಿನಿಯರಿಂಗ್ ಫೀಸು ಕಟ್ಟಿದ್ದು ಅಡಿಕೆ ತೋಟವೇ. ಹಾಗಾಗಿ ಈ ಮಾತು ಹೇಳೋಕೆ ಕಷ್ಟ, ಆದ್ರೂ ಹೇಳ್ಬೇಕು. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಏಜೆನ್ಸಿ 1985ರಲ್ಲಿ ತಂಬಾಕು ಸೇರಿದ ಎಲೆ ಅಡಿಕೆಯನ್ನು ಕ್ಯಾನ್ಸರ್‌ಕಾರಕ ಅಂತು. 2004ರ ವರದಿಯಲ್ಲಿ ತಂಬಾಕು ಇಲ್ಲದ ಬರೀ ಅಡಿಕೆಯನ್ನೂ ಅದೇ ಪಟ್ಟಿಗೆ ಸೇರಿಸಿತು. ‘ನಾನು ತಂಬಾಕು ಹಾಕಲ್ಲ, ಬರೀ ಪಾನ್ ಮಸಾಲಾ’ ಅನ್ನೋ ಸಮಾಧಾನಕ್ಕೆ ಅಲ್ಲಿಗೆ ಆಧಾರ ಹೋಯ್ತು.

ಅಡಿಕೆ ಮೊದಲು ಮಾಡೋದು ಕೆನ್ನೆಯ ಒಳಪದರವನ್ನು ಗಟ್ಟಿ ನಾರು ಮಾಡೋದು. ಖಾರ ತಿಂದ್ರೆ ಉರಿ, ಆಮೇಲೆ ನಿಧಾನಕ್ಕೆ ಬಾಯಿ ತೆರೆಯೋದೇ ಕಡಿಮೆ. ನಿಮ್ಮ ಮೂರು ಬೆರಳು ಜೋಡಿಸಿ, ಒಂದರ ಮೇಲೊಂದು ಬರೋ ಹಾಗೆ ನಿಲ್ಲಿಸಿ, ಮೇಲಿನ ಕೆಳಗಿನ ಹಲ್ಲುಗಳ ನಡುವೆ ಹೋಗುತ್ತಾ ನೋಡಿ. ಹೋಗದಿದ್ರೆ, ಅಥವಾ ಬಾಯಲ್ಲಿ ಬಿಳಿ, ಕೆಂಪು ಮಚ್ಚೆ, ಮೂರು ವಾರಕ್ಕೂ ಮಾಯದ ಹುಣ್ಣು ಇದ್ರೆ, ದಂತವೈದ್ಯರಿಗೆ ತೋರಿಸಿ. ನೋವಿಲ್ಲ ಅಂತ ಬಿಡಬೇಡಿ, ಶುರುವಿನಲ್ಲಿ ನೋವು ಇರೋದಿಲ್ಲ.

ಅಜ್ಜಿ ಎಲೆ ಅಡಿಕೆ ಕುಟ್ಟಿ ತಿನ್ನೋಕೆ ಸಮಯ ಬೇಕಿತ್ತು. ಪ್ಯಾಕೆಟ್ಟಿಗೆ ಅದೂ ಬೇಡ, ಹದಿನೈದರ ಹುಡುಗನ ಜೇಬಲ್ಲೂ ಇರುತ್ತೆ. ಕರ್ನಾಟಕ 2013ರಲ್ಲಿ ಗುಟ್ಕಾ ನಿಷೇಧಿಸಿತು. ಅಂಗಡಿಯಲ್ಲಿ ಪಾನ್ ಮಸಾಲಾ ಒಂದು ಪ್ಯಾಕೆಟ್, ತಂಬಾಕು ಇನ್ನೊಂದು ಪ್ಯಾಕೆಟ್ ಆಯ್ತು, ಅಷ್ಟೇ. ಬೆರೆಸೋ ಕೆಲಸ ಗಿರಾಕಿಗೆ ಬಿತ್ತು. ಇವತ್ತಿಗೂ ಬಾಯಿ ಹುಣ್ಣು ಅಂತ ಹೋದವರನ್ನು ಕ್ಯಾನ್ಸರ್ ವೈದ್ಯರು ಏನು ತಿಂತೀರಿ ಅಂತ ಕೇಳಿ ಬಿಡಲ್ಲ, ಯಾವ ಕೆನ್ನೆಯಲ್ಲಿ ಇಟ್ಕೊಳ್ತೀರಿ ಅಂತಾನೂ ಕೇಳ್ತಾರೆ. ಗಡ್ಡೆ ಹೆಚ್ಚಾಗಿ ಅದೇ ಕಡೆ ಸಿಗುತ್ತೆ.