‘ತೋರಿಸಿ’ ಎಂದ ಸಮಿತಿಗೆ ಐವತ್ತು ವರ್ಷ

ಸೇಡಂ ಸೀಮೆಯವರಿಗೆ ಬಾನಾಮತಿ ಎಂದರೇನೆಂದು ಬಿಡಿಸಿ ಹೇಳಬೇಕಿಲ್ಲ. ರಾತ್ರಿ ಮನೆಯ ಮೇಲೆ ಕಲ್ಲು ಬೀಳುತ್ತವೆ. ಮಡಿಚಿಟ್ಟ ಸೀರೆ ಟ್ರಂಕಿನೊಳಗೇ ಹೊತ್ತಿ ಉರಿಯುತ್ತದೆ. ರೊಟ್ಟಿ ಬಡಿಯುತ್ತಿದ್ದ ಸೊಸೆ ಒಮ್ಮೆಲೇ ನಾಯಿಯಂತೆ ಬೊಗಳತೊಡಗುತ್ತಾಳೆ. ಅವಳನ್ನು ನೋಡಲು ಬಂದ ಪಕ್ಕದ ಮನೆಯವಳಿಗೂ ಮರುದಿನ ಅದೇ ಬರುತ್ತದೆ. ಚಿಂಚೋಳಿ, ಚಿತ್ತಾಪುರ, ಗಡಿಯಾಚೆಯ ತಾಂಡೂರು, ಕೊಡಂಗಲ್ ಎಲ್ಲಿ ಹೋದರೂ, ಭಾಷೆ ಬದಲಾದರೂ, ಈ ಅಂಜಿಕೆಯ ಹೆಸರು ಬದಲಾಗುವುದಿಲ್ಲ.

ಕೆಡಿಸಿದವರನ್ನು ಯಾರೂ ಕಂಡಿಲ್ಲ. ಕೆಟ್ಟದ್ದನ್ನು ಸರಿಪಡಿಸುತ್ತೇವೆ ಎನ್ನುವವರು ಮಾತ್ರ ಊರೂರಿಗೂ ಸಿಗುತ್ತಾರೆ. ನಾನು ಸಣ್ಣವನಿದ್ದಾಗ ನಮ್ಮ ಓಣಿಯ ಒಂದು ಮನೆಗೆ ಅಂಥವರೊಬ್ಬರು ಬಂದಿದ್ದರು. ಫರಸಿ ಹಾಸಿದ ಪಡಸಾಲೆಯಲ್ಲಿ ಅರಿಶಿನ, ಕುಂಕುಮ, ನಿಂಬೆಹಣ್ಣು ಹರವಿಕೊಂಡು ಕೂತು, ತೆಂಗಿನಕಾಯಿಯ ಜುಟ್ಟಿನ ಮೇಲೆ ನೀರು ಚಿಮುಕಿಸಿದರು. ಕಾಯಿ ಭಗ್ಗನೆ ಹೊತ್ತಿಕೊಂಡಿತು. “ನೋಡವ್ವಾ, ಎಷ್ಟು ಜೋರ್ ಅದ” ಎಂದರು. ಮನೆಯ ಹಿರಿಯಳು ಕೈಮುಗಿದು, “ಯಾರ್ ಮಾಡ್ಯಾರಂತ ಹೇಳ್ರಿ ಅಪ್ಪಾ” ಎಂದು ಬೇಡಿಕೊಂಡಳು. ಅವರು ಹೆಸರು ಹೇಳಲಿಲ್ಲ. ಮೂಡಣ ದಿಕ್ಕಿನವರು, ನಿಮ್ಮ ಹತ್ತಿರದವರೇ ಎಂದರು, ಅಷ್ಟೇ. ಮೂಡಣಕ್ಕೆ ಇದ್ದದ್ದು ಗಂಡ ಸತ್ತ ನೆಗೆಣ್ಣಿಯ ಮನೆ. ಆ ವರ್ಷದ ತೊಗರಿಯ ದುಡ್ಡು ಮೂರು ಅಮಾಸಿಗೆ ಕರಗಿತು. ಆ ನೆಗೆಣ್ಣಿಯ ಸಂಗಡ ಓಣಿಯ ಹೆಂಗಸರು ಮಾತು ಬಿಟ್ಟದ್ದು ಮಾತ್ರ ಎಷ್ಟೋ ವರ್ಷ ನಡೆಯಿತು.

ಸೋಡಿಯಂ ಲೋಹದ ಚೂರಿಗೆ ನೀರು ತಾಗಿದರೆ ಉರಿ ಏಳುತ್ತದೆಂದು ನನಗೆ ತಿಳಿದದ್ದು ಕಾಲೇಜಿನ ಲ್ಯಾಬಿನಲ್ಲಿ. ಗೆಳೆಯರೆಲ್ಲ ಚಪ್ಪಾಳೆ ತಟ್ಟಿದರು. ನನಗೆ ಆ ನೆಗೆಣ್ಣಿಯ ಮುಖ ಕಣ್ಣಮುಂದೆ ಬಂದು ನಿಂತಿತು.

ಬೆಂಗಳೂರಿನ ಒಂದು ಸಮಿತಿಯನ್ನು ಸೇಡಂನಲ್ಲಿ ಕೂತು ನೆನೆಯಲು ಇದೇ ಕಾರಣ. 1976ರಲ್ಲಿ ಬೆಂಗಳೂರು ವಿಶ್ವವಿದ್ಯಾಲಯದ ಉಪಕುಲಪತಿಯಾಗಿದ್ದ ಡಾ. ಎಚ್. ನರಸಿಂಹಯ್ಯನವರು ಪವಾಡಗಳನ್ನೂ ಪರೀಕ್ಷೆಗೆ ಸಿಗುವಂಥ ಇತರ ಮೂಢನಂಬಿಕೆಗಳನ್ನೂ ವೈಜ್ಞಾನಿಕವಾಗಿ ತನಿಖೆ ಮಾಡಲು ಒಂದು ಸಮಿತಿ ಕಟ್ಟಿ, ತಾವೇ ಅದರ ಅಧ್ಯಕ್ಷರಾದರು. 2026ಕ್ಕೆ ಅದಕ್ಕೆ ಐವತ್ತು ತುಂಬುತ್ತದೆ.

ಎಚ್ಚೆನ್ ಎಂದೇ ನಾಡು ಕರೆದ ಅವರು ಗೌರಿಬಿದನೂರು ತಾಲೂಕಿನ ಹೊಸೂರಿನ ಬಡ ಮನೆಯಲ್ಲಿ 1920ರಲ್ಲಿ ಹುಟ್ಟಿದವರು. ಓದುವ ಆಸೆಗೆ ಬೆಂಗಳೂರಿಗೆ ನಡೆದೇ ಹೋದ ಹುಡುಗ. ಕ್ವಿಟ್ ಇಂಡಿಯಾ ಚಳವಳಿಯಲ್ಲಿ ಜೈಲು ಕಂಡರು. ಅಮೆರಿಕದ ಓಹಾಯೊದಲ್ಲಿ ಪರಮಾಣು ಭೌತವಿಜ್ಞಾನದ ಡಾಕ್ಟರೇಟ್ ಪಡೆದು ಬಂದ ಮೇಲೂ ಬಸವನಗುಡಿಯ ನ್ಯಾಷನಲ್ ಕಾಲೇಜಿನ ಹಾಸ್ಟೆಲ್ ಕೋಣೆಯಲ್ಲೇ ಬದುಕಿದರು. 1962ರಲ್ಲಿ ಬೆಂಗಳೂರು ಸೈನ್ಸ್ ಫೋರಂ ಕಟ್ಟಿದವರೂ ಅವರೇ.

ಸಮಿತಿಯ ಹೆಸರಿನಲ್ಲಿದ್ದ ‘ಪರೀಕ್ಷೆಗೆ ಸಿಗುವಂಥ’ ಎಂಬ ಮಾತನ್ನು ನಾನು ಬಹಳ ದೊಡ್ಡದೆಂದು ತಿಳಿದಿದ್ದೇನೆ. ದೇವರಿದ್ದಾನೋ ಇಲ್ಲವೋ ಎಂಬ ತಂಟೆಗೆ ಅದು ಹೋಗಬೇಕಾಗಿರಲಿಲ್ಲ. ನಿಮ್ಮ ಕೈಯಿಂದ ವಸ್ತು ಹುಟ್ಟುತ್ತದೆ ಎನ್ನುತ್ತೀರಲ್ಲ, ನಮ್ಮೆದುರು ತೋರಿಸಿ, ಅಷ್ಟೇ. ಪುಟ್ಟಪರ್ತಿಯ ಸತ್ಯ ಸಾಯಿಬಾಬಾ ಅವರಿಗೂ ಎಚ್ಚೆನ್ ಹೀಗೆಯೇ ಪತ್ರ ಬರೆದರು. ಉತ್ತರ ಬರಲಿಲ್ಲವೆಂದು ಮತ್ತೆ ಬರೆದರು, ಪತ್ರಗಳನ್ನು ಜನರ ಮುಂದಿಟ್ಟರು. ಪಾಂಡವಪುರದಲ್ಲಿ ವಿಭೂತಿ ಸೃಷ್ಟಿಸುತ್ತಾನೆಂದು ಹೆಸರಾಗಿದ್ದ ಬಾಲಕನ ಮನೆಗೆ ಸಮಿತಿಯವರು ತಾವೇ ಹೋಗಿ ಹತ್ತಿರದಿಂದ ನೋಡಿದರು. ಅದು ಕೈಚಳಕವೆಂದು ಹೊರಬಿತ್ತು. ಇದಕ್ಕೂ ಮೊದಲು, 1963ರಲ್ಲಿ, ಶ್ರೀಲಂಕಾದ ಅಬ್ರಹಾಂ ಕೋವೂರರು ಮೋಸಕ್ಕೆ ಎಡೆಯಿಲ್ಲದಂತೆ ಪವಾಡ ಮಾಡಿ ತೋರಿಸಿದವರಿಗೆ ಒಂದು ಲಕ್ಷ ರೂಪಾಯಿ ಕೊಡುವುದಾಗಿ ಸಾರಿದ್ದರು. ಕೋವೂರರದು ಒಬ್ಬ ವ್ಯಕ್ತಿಯ ಹಟ. ಎಚ್ಚೆನ್ ಅದನ್ನು ವಿಶ್ವವಿದ್ಯಾಲಯದ ಕೆಲಸವನ್ನಾಗಿ ಮಾಡಿದರು. ಸರಕಾರಿ ಅನ್ನ ಉಣ್ಣುವ ವಿದ್ವಾಂಸರು ಊರಿನ ಅಂಜಿಕೆಗೆ ಉತ್ತರ ಹೇಳಬೇಕು ಎಂಬ ಭಾವನೆ ಅದರಲ್ಲಿತ್ತು.

ಬೈಗುಳ ಧಾರಾಳವಾಗಿ ಬಂತು. 1977ರಲ್ಲಿ ಉಪಕುಲಪತಿಯ ಅವಧಿ ಮುಗಿಯುತ್ತಲೇ ಸಮಿತಿಯೂ ಮುಗಿಯಿತು. ಅದೇ ವರ್ಷದ ಜನವರಿಯಲ್ಲಿ, ವೈಜ್ಞಾನಿಕ ಮನೋಭಾವ ಬೆಳೆಸಿಕೊಳ್ಳುವುದು ಪ್ರತಿ ನಾಗರಿಕನ ಕರ್ತವ್ಯವೆಂಬ ಸಂವಿಧಾನದ 51ಎ ವಿಧಿ ಜಾರಿಗೆ ಬಂದಿತ್ತು. ವಿಧಿ ಉಳಿಯಿತು, ಅದರ ಕೆಲಸ ಮಾಡುತ್ತಿದ್ದ ಸಮಿತಿ ಉಳಿಯಲಿಲ್ಲ. ಇದು ನನಗೆ ಇಂದಿಗೂ ನೋವಿನ ಸಂಗತಿ. ಬಾನಾಮತಿಯ ಶಂಕೆಗೆ ಗಡಿಯಾಚೆಯ ತೆಲಂಗಾಣದ ಹಳ್ಳಿಗಳಲ್ಲಿ ಹಲ್ಲು ಕಿತ್ತದ್ದುಂಟು, ಜೀವ ತೆಗೆದದ್ದುಂಟು. ‘ತೋರಿಸಿ’ ಎಂದು ಕೇಳುವವರು ಆ ದಿನ ಆ ಓಣಿಯಲ್ಲಿ ಒಬ್ಬರಿದ್ದರೂ ಸಾಕಿತ್ತು.

ಎಚ್ಚೆನ್ 2005ರ ಜನವರಿ 31ರಂದು ತೀರಿಕೊಂಡರು. ಅಮಾನವೀಯ ದುಷ್ಟ ಪದ್ಧತಿ ಮತ್ತು ವಾಮಾಚಾರ ತಡೆಯುವ ಕಾನೂನನ್ನು ಕರ್ನಾಟಕ ವಿಧಾನಮಂಡಲ ಒಪ್ಪಿದ್ದು 2017ರಲ್ಲಿ, ಜಾರಿಗೆ ತಂದದ್ದು 2020ರ ಜನವರಿಯಲ್ಲಿ. ಒಂದರಿಂದ ಏಳು ವರ್ಷ ಜೈಲು, 5,000ದಿಂದ 50,000 ರೂಪಾಯಿ ದಂಡ. ಮಾಂತ್ರಿಕ ಪರಿಹಾರದ ಹೆಸರಲ್ಲಿ ರಾತ್ರಿ ಕಲ್ಲು ತೂರುವ ಬಾನಾಮತಿಯನ್ನು ಅದರ ಅನುಸೂಚಿಯಲ್ಲಿ ಹೆಸರಿಟ್ಟೇ ಸೇರಿಸಿದ್ದಾರೆ. ಕಲ್ಲು ತೂರುವ ಕೈ ಮನುಷ್ಯನದೇ ಎಂದು ಕಾನೂನು ಬರವಣಿಗೆಯಲ್ಲಿ ಒಪ್ಪಿಕೊಂಡಂತಾಯಿತು.

ಆದರೆ ಬೊಗಳುವ ಸೊಸೆಗೆ ಕಾನೂನು ಔಷಧ ಕೊಡಲಾರದು. ಅವಳು ಸುಳ್ಳು ಆಡುತ್ತಿಲ್ಲ. ಬಾಯಿ ಬಿಟ್ಟು ಹೇಳಲಾಗದ ಸಂಕಟ ಮೈಯಿಂದ ಹೊರಬೀಳುತ್ತದೆ, ಒಬ್ಬಳಿಂದ ಇನ್ನೊಬ್ಬಳಿಗೆ ಹಬ್ಬುತ್ತದೆ ಎಂದು ಮನೋವೈದ್ಯರು ಹೇಳುತ್ತಾರೆ. ಈಗ ಮನೋಚೈತನ್ಯ ಕಾರ್ಯಕ್ರಮದಲ್ಲಿ ಮನೋವೈದ್ಯರು ಮಂಗಳವಾರ ತಾಲೂಕು ಆಸ್ಪತ್ರೆಗೇ ಬರುತ್ತಾರೆ. ನಮ್ಮ ಕಡೆ ತಾಯತ ಕಟ್ಟಿಸಲಿಕ್ಕೂ ಮಂಗಳವಾರವನ್ನೇ ಹುಡುಕುತ್ತಾರೆ. ಅಂಥ ಒಂದು ಮಂಗಳವಾರ ಆಸ್ಪತ್ರೆಯ ಬೆಂಚಿನ ಮೇಲೆ ನನ್ನ ಪಕ್ಕ ಕೂತ ಹೆಣ್ಣುಮಗಳ ರಟ್ಟೆಯಲ್ಲಿ ಎರಡು ತಾಯತ ಇದ್ದವು, ಕೈಯಲ್ಲಿ ಹೊರರೋಗಿ ಚೀಟಿ. ಒಳಗೆ ಡಾಕ್ಟರು ತಾಯತ ಬಿಚ್ಚು ಎನ್ನಲಿಲ್ಲ. ಕುರ್ಚಿ ಹತ್ತಿರಕ್ಕೆ ಎಳೆದುಕೊಂಡು, “ರಾತ್ರಿ ನಿದ್ದಿ ಬರ್ತದೇನವ್ವಾ?” ಎಂದು ಕೇಳಿದರು. ಜತೆಗೆ ಬಂದಿದ್ದ ಅತ್ತೆಯನ್ನು ಸ್ವಲ್ಪ ಹೊರಗೆ ಕೂರಲು ಹೇಳಿದರು. ಬಾಗಿಲು ಮುಚ್ಚಿತು.