ನೀಲಿಗಣ್ಣಿನ ನೆಲಬೆಳವ

ಕಣದಲ್ಲಿ ಚೆಲ್ಲಿದ ಕಾಳನ್ನು ಹೆಕ್ಕುತ್ತ, ಹೆಜ್ಜೆಯ ಸಪ್ಪಳ ತೀರ ಸಮೀಪಿಸಿದಾಗ ಮಾತ್ರ ಪಟಪಟನೆ ಎದ್ದು ಹೋಗುವ ಬೆಳವನ ಹಕ್ಕಿಯನ್ನು ನೋಡದ ಕನ್ನಡಿಗರು ವಿರಳ. ಅದರ ದಾಯಾದಿಗಳು ಅಮೆರಿಕಾ ಖಂಡಗಳಲ್ಲಿಯೂ ಇವೆ. ಅಲ್ಲಿನ ಒಂದು ಬಳಗ ನಮ್ಮ ಬೆಳವಕ್ಕಿಂತಲೂ ಪುಟ್ಟದು. ನೆಲದ ಮೇಲೆ ಅಡ್ಡಾಡಿ ಬೀಜ ಹೆಕ್ಕುವುದೇ ಅವುಗಳ ಜೀವನವಾದ್ದರಿಂದ ನಾವು ನೆಲಬೆಳವಗಳೆನ್ನೋಣ. ಇವುಗಳಲ್ಲಿ ಹಲವು ಹೊಲ, ಹಿತ್ತಿಲುಗಳಲ್ಲಿ ಹೇರಳವಾಗಿವೆ. ಬ್ರೆಜಿಲ್ ದೇಶದ ನೀಲಿಗಣ್ಣಿನದು ಮಾತ್ರ ಹಾಗಲ್ಲ.

1817ರಲ್ಲಿ ಆಸ್ಟ್ರಿಯದ ರಾಜಕುಮಾರಿ ಲಿಯೊಪೋಲ್ಡಿನ, ಪೋರ್ಚುಗಲ್ ರಾಜಕುಮಾರ ದೊಂ ಪೆದ್ರೊನ ಮಡದಿಯಾಗಿ ಬ್ರೆಜಿಲಿಗೆ ಹೋದಳು. ಮದುವೆಯ ನೆಪದಲ್ಲಿ ವಿದ್ವಾಂಸರ ತಂಡವೊಂದೂ ಹೊರಟಿತು. ಅವರಲ್ಲೊಬ್ಬನಾದ ಯೋಹಾನ್ ನಟ್ಟೆರರ್ 1835ರವರೆಗೂ ಆ ಕಾಡುಮೇಡುಗಳನ್ನು ಬಿಟ್ಟು ಬರಲಿಲ್ಲ. ಆತ ಸಂಗ್ರಹಿಸಿದ ಹಕ್ಕಿಗಳೇ 12,000ಕ್ಕೂ ಮಿಕ್ಕಿದ್ದವು! 1820ರ ದಶಕದಲ್ಲಿ ಕುಯಾಬಾ ಪ್ರಾಂತದಲ್ಲಿ ಅವನ ಕೈಗೆ ಸಿಕ್ಕ ಕೆಲವು ಕೆಂಗಂದು ಹಕ್ಕಿಗಳೂ ಅವುಗಳಲ್ಲಿ ಸೇರಿದ್ದವು. ರೆಕ್ಕೆಯ ಮೇಲೆ ಕಡುನೀಲಿ ಚುಕ್ಕೆ, ಕಣ್ಣೂ ನೀಲಿ.

ನಟ್ಟೆರರ್ 1843ರಲ್ಲಿ ತೀರಿಕೊಂಡ. ಐದು ವರ್ಷಗಳ ತರುವಾಯ, ಕ್ರಾಂತಿಯ ಗಲಭೆಯಲ್ಲಿ ವಿಯನ್ನದ ಅರಮನೆಗೆ ಬೆಂಕಿ ಬಿದ್ದು ಅವನ ಬರವಣಿಗೆಯ ಬಹುಭಾಗ ಸುಟ್ಟುಹೋಯಿತು. ಹದಿನೆಂಟು ವರ್ಷ ಕಂಡದ್ದನ್ನು ಬರೆದಿಟ್ಟವನಿಗೆ ಇದಕ್ಕಿಂತ ದೊಡ್ಡ ಸಾವು ಯಾವುದು? ಉಳಿದದ್ದು ತುಂಬಿಟ್ಟ ಚರ್ಮಗಳು. ಆಗುಸ್ಟ್ ಫಾನ್ ಪೆಲ್ಜೆಲ್ನ್ ಎಂಬ ಪಂಡಿತ ಅವುಗಳನ್ನು ನೋಡಿ, 1870ರಲ್ಲಿ ಈ ಹಕ್ಕಿಗೆ ಶಾಸ್ತ್ರೀಯ ನಾಮವನ್ನಿಟ್ಟ. ಆ ಹೊತ್ತಿಗೆ ಹಕ್ಕಿಯನ್ನು ಹಿಡಿದವನು ಇರಲಿಲ್ಲ. ಹೆಸರಿಟ್ಟವನು ಅದರ ದನಿಯನ್ನು ಕೇಳಿರಲಿಲ್ಲ.

ಅನಂತರ ಅಲ್ಲೊಂದು ಇಲ್ಲೊಂದು ಸಿಕ್ಕಿತೇ ಹೊರತು ಹೆಚ್ಚಿಲ್ಲ. 1941ರ ಬಳಿಕ ಖಚಿತ ದಾಖಲೆಯೇ ನಿಂತುಹೋಯಿತು. ಅದು ಬಾಳುತ್ತಿದ್ದ ಸೆರಾದೊ ಎಂಬ ಹುಲ್ಲುಗಾಡನ್ನು ಸೋಯಾ ಹೊಲಗಳೂ ದನದ ಗೋಮಾಳಗಳೂ ನುಂಗುತ್ತ ಬಂದವು. ಕಂಡೆವೆಂದವರಿದ್ದರು, ಆದರೆ ಪುರಾವೆಯಿರಲಿಲ್ಲ. ಗರುಡನೋ ನವಿಲೋ ಕಾಣೆಯಾದರೆ ಲೋಕ ಹುಡುಕೀತು; ಕಾಳು ಹೆಕ್ಕುವ ಕಂದು ಹಕ್ಕಿಯನ್ನು ಹುಡುಕುವವರಾರು?

2015ರಲ್ಲಿ ಮಿನಾಸ್ ಜೆರಾಯಿಸ್ ರಾಜ್ಯದ ಬೋತುಮಿರಿಂ ಪ್ರದೇಶದಲ್ಲಿ ರಫೇಲ್ ಬೆಸ್ಸ ಎಂಬ ಪಕ್ಷಿತಜ್ಞರ ಕಿವಿಗೆ ಅಪರಿಚಿತವಾದ ಕೂಗೊಂದು ಬಿತ್ತು. ಹಕ್ಕಿಗಳ ದನಿಯನ್ನು ಬಲ್ಲವರಿಗೂ ಗುರುತು ಹತ್ತಲಿಲ್ಲ, ಹತ್ತುವುದಾದರೂ ಹೇಗೆ? ಅವರು ಅದನ್ನು ಧ್ವನಿಮುದ್ರಿಸಿಕೊಂಡು ತಿರುಗಿ ಕೇಳಿಸಿದರು. ತನ್ನ ದನಿಗೆ ತಾನೇ ಓಗೊಟ್ಟು ಹಕ್ಕಿ ಬಂದು ಪೊದೆಯ ಮೇಲೆ ಕುಳಿತಿತು. ಛಾಯಾಚಿತ್ರವನ್ನು ದೊಡ್ಡದು ಮಾಡಿ ನೋಡಿದರೆ, ನೀಲಿ ಕಣ್ಣು!

ಸುದ್ದಿ 2016ರ ಮೇ ತಿಂಗಳವರೆಗೂ ಗುಟ್ಟಾಗಿಯೇ ಇತ್ತು. ಸ್ಥಳಕ್ಕೆ ರಕ್ಷಣೆಯ ಏರ್ಪಾಡು ಆಗಬೇಕಿತ್ತಲ್ಲ! ಮೊದಲು ಎಣಿಕೆಗೆ ಸಿಕ್ಕವು ಹನ್ನೆರಡೇ. 2018ರಲ್ಲಿ ಒಂದು ಸಂರಕ್ಷಣಾ ಸಂಸ್ಥೆ ಅವುಗಳ ನೆಲೆಯ ಸುಮಾರು 600 ಹೆಕ್ಟೇರನ್ನು ಕ್ರಯಕ್ಕೆ ಕೊಂಡಿತು. ಅದೇ ವರ್ಷ ರಾಜ್ಯ ಸರ್ಕಾರ ಸುತ್ತಣ ಬೆಟ್ಟಗಳನ್ನು ಉದ್ಯಾನವೆಂದು ಘೋಷಿಸಿತು.